ನಮ್ಮಲ್ಲಿ ಕೊರತೆ ಯಾವುದರದು?

ಉತ್ಪಾದನಾಂಗಗಳು ನಾಲ್ಕು: ಭೂಮಿ, ಶ್ರಮ, ಬಂಡವಾಳ, ಸಂಘಟನೆ. ಇವುಗಳ ಪ್ರತಿಫಲ ಗೇಣಿ, ಕೂಲಿ, ಬಡ್ಡಿ, ಲಾಭ. ಮಕ್ಕಳು ಬಾಯಿಪಾಠ ಮಾಡಿ ಬರೆಯುತ್ತಾರೆ, ನಾವು ಅಂಕ ಕೊಡುತ್ತೇವೆ. ಆದರೆ ನಮ್ಮ ಜತ್ತ ತಾಲೂಕಿಗೆ ಬಂದು ಭಾಷಣ ಮಾಡುವವರು ಇದೇ ಪಾಠವನ್ನು ನಮ್ಮ ಮೇಲೆಯೇ ತಿರುಗಿಸುತ್ತಾರೆ. "ನಿಮಗೆ ಭೂಮಿ ಇದೆ, ದುಡಿಯುವ ಕೈಗಳಿವೆ, ಇಲ್ಲದಿರುವುದು ಉದ್ಯಮಶೀಲತೆ ಮಾತ್ರ" ಎನ್ನುತ್ತಾರೆ. ಇದು ಶುದ್ಧ ಸುಳ್ಳು!

ಲಾಭ ಎಂದರೆ ಅಪಾಯವನ್ನು ಹೊತ್ತದ್ದಕ್ಕೆ ಸಿಗುವ ಪ್ರತಿಫಲ ಎಂದು ಪುಸ್ತಕ ಹೇಳುತ್ತದೆ. ಬರಗಾಲದಲ್ಲಿ ಸಾಲ ಮಾಡಿ, ಟ್ಯಾಂಕರ್ ನೀರು ಕೊಂಡು ದಾಳಿಂಬೆ, ದ್ರಾಕ್ಷಿ ಉಳಿಸಿಕೊಂಡ ನಮ್ಮ ರೈತನಿಗಿಂತ ದೊಡ್ಡ ಅಪಾಯ ಹೊತ್ತವರು ಯಾರು?

ಕೊರತೆ ಇರುವುದು ನೀರಿನದು. ಪುಸ್ತಕ ನೀರನ್ನು ಭೂಮಿಯೊಳಗೇ ಸೇರಿಸಿ, ನಿಸರ್ಗದ ಉಚಿತ ಕೊಡುಗೆ ಎನ್ನುತ್ತದೆ. ಕೃಷ್ಣೆಯ ದಂಡೆಯವರಿಗೆ ಅದು ಸರಿ ಇರಬಹುದು. ಜಿಲ್ಲೆಯ ಪೂರ್ವದ ತುದಿಯಲ್ಲಿರುವ ನಮಗೆ ಆ ನೀರು ಮಿರಜ ತಾಲೂಕಿನ ಮ್ಹೈಸಾಳದಿಂದ ಹಂತ ಹಂತವಾಗಿ ಮೇಲೇರಿ ಬರಬೇಕು. ಅದಕ್ಕೆ ಪಂಪು ಬೇಕು, ಕಾಲುವೆ ಬೇಕು, ಕರೆಂಟು ಬೇಕು. ಬಿಲ್ಲು ಬಾಕಿ ಉಳಿದರೆ ಪಂಪೇ ನಿಂತುಬಿಡುತ್ತದೆ. ಅಂದಮೇಲೆ ಇಲ್ಲಿ ನೀರು ನಿಸರ್ಗದ ಕೊಡುಗೆಯಲ್ಲ, ಬಂಡವಾಳ! ಒಬ್ಬ ರೈತ ಹೂಡಲಾಗದ ಬಂಡವಾಳ. ಅದನ್ನು ಸರಕಾರವೇ ಹೂಡಬೇಕು. 2012ರಲ್ಲಿ ನಮ್ಮ ಗಡಿಯ ಹಳ್ಳಿಗಳು ಕರ್ನಾಟಕಕ್ಕೆ ಸೇರುತ್ತೇವೆ ಎಂದು ಠರಾವು ಮಾಡಿದ್ದು ನೀರಿಗಾಗಿ. 2022ರಲ್ಲಿ ಎರಡೂ ರಾಜ್ಯಗಳ ನಾಯಕರು ಆ ಠರಾವು ಹಿಡಿದು ಜಗಳಾಡಿದರು. ಹೊಲಕ್ಕೆ ಬೇಕಾದದ್ದು ಜಗಳವಲ್ಲ, ನೀರು.

ಇನ್ನು ಶ್ರಮದ ಮಾತು. ನೀರಿಲ್ಲದ ಊರಿನ ಶ್ರಮ ಊರಲ್ಲಿ ನಿಲ್ಲುವುದಿಲ್ಲ. ದೀಪಾವಳಿಯ ಹೊತ್ತಿಗೆ ಕಬ್ಬು ಕಡಿಯುವ ಟೋಳಿಗಳು ಹೊರಡುತ್ತವೆ. ಮುಕಾದಮನ ವಹಿಯಲ್ಲಿ ಗಂಡ ಹೆಂಡತಿ ಸೇರಿ 'ಒಂದು ಕೋಯತಾ'. ಕೋಯತಾ ಎಂದರೆ ಕಬ್ಬು ಕಡಿಯುವ ಕತ್ತಿ! ನಮ್ಮ ಪುಸ್ತಕದಲ್ಲಿ ಕತ್ತಿ ಬಂಡವಾಳ, ಮನುಷ್ಯ ಶ್ರಮ. ಅವನ ವಹಿಯಲ್ಲಿ ಮನುಷ್ಯನೇ ಕತ್ತಿ. ಮುಂಗಡ ಕೊಟ್ಟ ಬಂಡವಾಳ ಇಡೀ ಹಂಗಾಮಿನ ಶ್ರಮವನ್ನು ಮೊದಲೇ ಕಟ್ಟಿಹಾಕಿರುತ್ತದೆ.

ಅವರ ಜೊತೆ ಹೋದ ಮಗು ಯಾವ ವಹಿಯಲ್ಲಿದೆ? ಕಾರಖಾನೆಯ ಹತ್ತಿರ ಶಾಲೆ ಸಿಕ್ಕರೂ ಅದು ಮರಾಠಿ ಶಾಲೆ. ಕನ್ನಡದಲ್ಲಿ ಓದು ಬರಹ ಆಗತಾನೆ ಕೂಡಿಬರುತ್ತಿದ್ದ ಮಗು ಅಲ್ಲಿ ಮೂಕವಾಗುತ್ತದೆ. ಹಂಗಾಮು ಮುಗಿಸಿ ಬರುವಷ್ಟರಲ್ಲಿ ವಾರ್ಷಿಕ ಪರೀಕ್ಷೆ ಎದುರಿಗಿರುತ್ತದೆ. ಹೀಗೆ ಎರಡು ವರ್ಷ ಕಳೆದರೆ ಮುಕಾದಮನಿಗೆ ಇನ್ನೊಂದು ಕೋಯತಾ ತಯಾರು!

ಅಸಂಗಿಯವರಿಗೂ ಸುತ್ತಲಿನ ಕನ್ನಡ ಶಾಲೆಗಳವರಿಗೂ ನನ್ನ ಮಾತು ಇಷ್ಟೇ. ವಲಸೆ ಹೋಗುವವರ ಮಕ್ಕಳು ಊರಲ್ಲೇ ಉಳಿದು ಕಲಿಯಲು ಹಂಗಾಮಿ ವಸತಿಗೃಹದ ಯೋಜನೆ ಇದೆ. ಟೋಳಿ ಹೊರಟ ಮೇಲೆ ಅರ್ಜಿ ಬರೆದು ಉಪಯೋಗವಿಲ್ಲ. ದಸರೆಗೆ ಮೊದಲೇ ಶಾಲಾ ವ್ಯವಸ್ಥಾಪನ ಸಮಿತಿ ಸೇರಲಿ, ಮಕ್ಕಳ ಯಾದಿ ಆಗಲಿ, ಬೇಡಿಕೆ ಹೋಗಲಿ. ನೀರು ಬರುವ ತನಕ ನಮ್ಮ ಕೈಯಲ್ಲಿ ಇರುವುದು ಇದೊಂದೇ. ನಮ್ಮ ಮಕ್ಕಳನ್ನು ಕತ್ತಿಯ ಲೆಕ್ಕಕ್ಕೆ ಬಿಡಬೇಡಿ.