ಚಿನ್ನ ಹೋದ ಮೇಲೆ ಉಳಿದವರು

ಕೋಲಾರದ ಚಿನ್ನದ ಗಣಿಯ ಹೆಸರು ಹೊತ್ತ ಎರಡು ಕಥಾಚಿತ್ರಗಳು 2018 ಮತ್ತು 2022ರಲ್ಲಿ ತೆರೆಕಂಡು ಮನೆಮನೆಯ ಮಾತಾದವು. ಕಥೆ ಕಥೆಯೇ, ಅದರ ಮೇಲೆ ನಮ್ಮ ತಕರಾರಿಲ್ಲ. ಆದರೆ ಅದೇ ನೆಲವನ್ನು ಕುರಿತು ಇತಿಹಾಸಕಾರ್ತಿ ಜಾನಕಿ ನಾಯರ್ ಅವರು 1997ರಲ್ಲಿಯೇ ‘ಆಫ್ಟರ್ ದ ಗೋಲ್ಡ್’ ಎಂಬ ಸಾಕ್ಷ್ಯಚಿತ್ರವನ್ನು ನಿರ್ಮಿಸಿದ್ದರೆಂಬುದು ನಮ್ಮಲ್ಲಿ ಎಷ್ಟು ಮಂದಿಗೆ ತಿಳಿದಿದೆ? ಗಣಿ ಆಗಿನ್ನೂ ಕುಂಟುತ್ತ ನಡೆಯುತ್ತಿತ್ತು. ಅದರ ಬಾಗಿಲು ಮುಚ್ಚಿದ್ದು 2001ರ ಫೆಬ್ರವರಿ 28ರಂದು.

ಅರ್ಥವ್ಯವಸ್ಥೆ ಎಂಬುದು ಕಣ್ಣಿಗೆ ಕಾಣುವ ವಸ್ತುವಲ್ಲ. ಷೇರಿನ ಬೆಲೆಯನ್ನೂ ನಷ್ಟದ ಲೆಕ್ಕವನ್ನೂ ಯಾವ ಕ್ಯಾಮರಾ ಹಿಡಿದೀತು? ಅವು ಮನುಷ್ಯನ ಮೈಮೇಲೆ, ಮನೆಯ ಮೇಲೆ ಮೂಡಿಸಿದ ಗುರುತುಗಳನ್ನಷ್ಟೇ ಅದು ತೋರಿಸಬಲ್ಲದು. ಗಣಿಯೂರಿನಲ್ಲಿ ಅಂತಹ ಗುರುತುಗಳಿಗೆ ಬರವಿಲ್ಲ. 1880ರಲ್ಲಿ ಲಂಡನ್ನಿನ ಜಾನ್ ಟೇಲರ್ ಕಂಪನಿ ಕೆಲಸ ಹಿಡಿದ ಮೇಲೆ ಸುರಂಗಗಳು ಇಳಿಯುತ್ತ ಇಳಿಯುತ್ತ 3 ಕಿಲೋಮೀಟರನ್ನೂ ದಾಟಿದವು. ಶಿವನಸಮುದ್ರದ ವಿದ್ಯುತ್ತು 1902ರಲ್ಲಿ ಮೊದಲು ಹರಿದದ್ದು ಈ ಗಣಿಗೆ. ಬೆಂಗಳೂರಿನ ಬೀದಿಗಳು ಅದಕ್ಕಾಗಿ 1905ರವರೆಗೆ ಕಾಯಬೇಕಾಯಿತು! ಯಂತ್ರಕ್ಕೆ ದೊರೆತ ಈ ಅಗ್ರಪೂಜೆ ಕಾರ್ಮಿಕನಿಗೆ ದೊರೆಯಲಿಲ್ಲ. ಕಲ್ಲಿನ ನುಣ್ಣನೆಯ ಧೂಳು ಶ್ವಾಸಕೋಶದಲ್ಲಿ ಕುಳಿತು ಸಿಲಿಕೋಸಿಸ್ ತಂದಿತು. ಅದು ವಾಸಿಯಾಗದ ರೋಗ. ಆಳದ ಒತ್ತಡಕ್ಕೆ ಬಂಡೆ ಸಿಡಿದು ಪ್ರಾಣ ತೆತ್ತವರೂ ಉಂಟು. 1930ರಲ್ಲಿ, ಬೆರಳಚ್ಚು ಕೊಟ್ಟು ಹೆಸರು ನೋಂದಾಯಿಸಬೇಕೆಂಬ ಕಟ್ಟಳೆಯನ್ನು ಒಪ್ಪದೆ ಸಾವಿರಾರು ಮಂದಿ ಮುಷ್ಕರ ಹೂಡಿದರು. ಬಡವನಿಗೂ ಮಾನವಿದೆಯಷ್ಟೆ.

1956ರಲ್ಲಿ ಮೈಸೂರು ಸರ್ಕಾರ, 1962ರಲ್ಲಿ ಕೇಂದ್ರ ಸರ್ಕಾರ, 1972ರಲ್ಲಿ ಭಾರತ್ ಗೋಲ್ಡ್ ಮೈನ್ಸ್ — ಒಡೆತನ ಬದಲಾಯಿತು. ಅದಿರಿನಲ್ಲಿ ಚಿನ್ನ ಇಳಿಯಿತು, ತೆಗೆಯುವ ವೆಚ್ಚ ಏರಿತು.

ಈ ಕಾರ್ಮಿಕರಲ್ಲಿ ಬಹುಪಾಲು ಜನರ ಹಿರಿಯರು ಉತ್ತರ ಆರ್ಕಾಟು, ಚಿತ್ತೂರು ಸೀಮೆಗಳಿಂದ ಬಂದವರು. ಹೆಚ್ಚಿನವರು ದಲಿತರು, ತಮಿಳು ಮಾತಿನವರು. ‘ಅವರು ನಮ್ಮವರಲ್ಲ’ ಎಂಬ ಮಾತನ್ನು ನಾವು ಅನೇಕರ ಬಾಯಲ್ಲಿ ಕೇಳಿದ್ದೇವೆ. ದುಡಿಮೆಯನ್ನು ಕಾಯಕವೆಂದು ಕರೆಯುವ ಮನೆಗಳಲ್ಲಿ ಈ ಮಾತು ಹೇಗೆ ನಾಲಗೆಗೆ ಬರುತ್ತದೆಯೋ ನಾವರಿಯೆವು.

ಗಣಿ ಮುಚ್ಚಿದಾಗ ನಡುವಯಸ್ಸಿನಲ್ಲಿದ್ದವರು ಇಂದು ವೃದ್ಧರು. ಅವರ ಮಕ್ಕಳಲ್ಲಿ ಸಾವಿರಾರು ಮಂದಿ ನಸುಕಿನಲ್ಲಿಯೇ ಮಾರಿಕುಪ್ಪಂ ರೈಲು ಹಿಡಿದು, ಬಂಗಾರಪೇಟೆಯ ಮೂಲಕ ಬೆಂಗಳೂರಿಗೆ ದುಡಿಯಲು ಹೋಗಿ ರಾತ್ರಿ ಮರಳುತ್ತಾರೆ. ಮುಂದಿನ ಸಾಕ್ಷ್ಯಚಿತ್ರ ಆ ಬೋಗಿಯಲ್ಲಿಯೇ ಕುಳಿತಿದೆಯೆಂದು ನಮಗೆ ತೋರುತ್ತದೆ. ಅದಕ್ಕೆ ದೊಡ್ಡ ಬಂಡವಾಳವೂ ಬೇಡ. ಕೋಲಾರ ಸೀಮೆಯ ನಮ್ಮ ಓದುಗರ ಮನೆಗಳಲ್ಲಿ ಓದುವ ಮಕ್ಕಳ ಕೈಯ ಫೋನಿನಲ್ಲಿಯೇ ಕ್ಯಾಮರಾ ಉಂಟು. ರಜೆಯಲ್ಲಿ ಒಬ್ಬ ಹಳೆಯ ಕಾರ್ಮಿಕರ ಮುಂದೆ ಅನುಮತಿ ಬೇಡಿ ಕುಳಿತುಕೊಳ್ಳಲಿ. ದಿನಗೂಲಿ ಎಷ್ಟಿತ್ತು, ಸಾಲ ಯಾರಲ್ಲಿತ್ತು, ಗಣಿ ನಿಂತ ತಿಂಗಳು ಒಲೆ ಹೇಗೆ ಉರಿಯಿತು ಎಂದು ಕೇಳಲಿ. ತಮಿಳು ಬಾರದಿದ್ದರೆ ಬಲ್ಲ ಗೆಳೆಯನೊಬ್ಬನನ್ನು ಜೊತೆಗೆ ಕರೆದೊಯ್ಯಲಿ.