ದೋಣಿಗೆ ಬಣ್ಣ, ಮೈಲುತುತ್ತದ ಪಾಠ

ತಲಕಾವೇರಿಯಲ್ಲಿ ಹುಟ್ಟಿದ ಕಾವೇರಿ ಕೊಡಗಿಗೆ ವಿದಾಯ ಹೇಳುವುದು ಶಿರಂಗಾಲದ ಬಳಿ. ಕೂಡಿಗೆಯಲ್ಲಿ ಹಾರಂಗಿಯನ್ನು ಸೇರಿಸಿಕೊಂಡು ಬರುವ ಹೊಳೆ ಬೇಸಿಗೆಯಲ್ಲಿ ಬಂಡೆಗಳ ನಡುವೆ ಸಣ್ಣಗೆ ಹರಿಯುತ್ತದೆ. ಆಷಾಢ, ಶ್ರಾವಣಗಳಲ್ಲಿ ಅದರ ಮಾತೇ ಬೇರೆ. 2018ರ ಮತ್ತು 2019ರ ಆಗಸ್ಟ್ ತಿಂಗಳುಗಳಲ್ಲಿ ಇದೇ ಹೊಳೆ ಮೇಲಿನ ಕುಶಾಲನಗರದ ಬಡಾವಣೆಗಳಿಗೆ ನುಗ್ಗಿದಾಗ, ಸೈಕಲ್ಲು ಓಡಾಡುತ್ತಿದ್ದ ಬೀದಿಗಳಲ್ಲಿ ದೋಣಿ ಓಡಾಡಬೇಕಾಯಿತು. ಹೊಳೆಯ ಬದಿಯ ಊರಿಗೆ ಒಂದು ಗಟ್ಟಿ ದೋಣಿ ಎಷ್ಟು ಬೆಲೆಬಾಳುತ್ತದೆ ಎಂಬುದು ಆಗ ಎಲ್ಲರಿಗೂ ತಿಳಿಯಿತು.

ಕಾವೇರಿಯ ದಡದ ಹಳೆಯ ದೋಣಿ ಎಂದರೆ ಹರಿಗೋಲು. ಬಿದಿರಿನ ಹೆಣಿಗೆ, ಹಿಂದೆ ಅದಕ್ಕೆ ಚರ್ಮದ ಹೊದಿಕೆ, ಈಗ ಪ್ಲಾಸ್ಟಿಕ್ ಹಾಳೆ, ಮೇಲೆ ಡಾಂಬರು. ಈ ಹರಿಗೋಲಿನ ಜಾಗಕ್ಕೆ ಶಿರಂಗಾಲದಂತಹ ಒಂದು ಊರಿನವರು ಹಣ ಸೇರಿಸಿ ಅಲ್ಯೂಮಿನಿಯಂ ದೋಣಿಯೊಂದನ್ನು ತಂದರು ಎಂದಿಟ್ಟುಕೊಳ್ಳಿ. ಇಬ್ಬರು ಸೇರಿ ಎತ್ತಿ ದಡಕ್ಕೆ ಇಡಬಹುದಾದಷ್ಟು ಹಗುರ. ತುಕ್ಕು ಹಿಡಿಯುವುದಿಲ್ಲ, ಗೆದ್ದಲು ತಿನ್ನುವುದಿಲ್ಲ. ಒಂದೆರಡು ವರ್ಷವಾದ ಮೇಲೆ ಯಾರಿಗೋ, ಇದಕ್ಕೊಂದು ಬಣ್ಣ ಹೊಡೆದರೆ ಇನ್ನೂ ಹತ್ತು ವರ್ಷ ಬಾಳುತ್ತದೆ ಎನಿಸುತ್ತದೆ. ಸಲಹೆಗಳಿಗೇನು ಬರವೇ? ಹಿರಿಯರೊಬ್ಬರು ಹರಿಗೋಲಿಗೆ ಹಚ್ಚಿದಂತೆ ಡಾಂಬರು ಬಳಿಯಿರಿ ಎನ್ನುತ್ತಾರೆ. ಮನೆಯ ಗೇಟಿಗೆ ಹೊಡೆದು ಉಳಿದ ಕೆಂಪು ಪ್ರೈಮರ್ ಇದೆ, ತರಲೇ ಎಂದು ಇನ್ನೊಬ್ಬರು ಕೇಳುತ್ತಾರೆ. ಮೂರನೆಯವರ ಅಳಿಯ ಮಲ್ಪೆ ಬಂದರಿನಲ್ಲಿ ಕೆಲಸಕ್ಕಿದ್ದಾನೆ. ಅವನು ಸಮುದ್ರದ ದೋಣಿಗಳ ತಳಕ್ಕೆ ಹೊಡೆಯುವ ಅಸಲಿ ಬಣ್ಣವನ್ನೇ ಒಂದು ಡಬ್ಬಿ ತಂದುಕೊಡುತ್ತಾನೆ. ಮೂರರಲ್ಲಿ ಅದೇ ದುಬಾರಿ.

ಉಪ್ಪುನೀರಿನಲ್ಲೇ ನಿಲ್ಲುವ ಬಣ್ಣ ಸಿಹಿನೀರಿನಲ್ಲಿ ನಿಲ್ಲದೇ? ಹಾಗೆಂದು ಎಲ್ಲರೂ ಆ ಡಬ್ಬಿಗೇ ಕೈ ಹಾಕುತ್ತಾರೆ. ಆದರೆ ಮೂರರಲ್ಲಿ ದೋಣಿಗೆ ಅತ್ಯಂತ ಅಪಾಯಕಾರಿಯಾದದ್ದು ಅದೇ. ಅಲ್ಯೂಮಿನಿಯಂ ತಳದ ಮೇಲೆ ಆ ಬಣ್ಣವನ್ನು ನೇರವಾಗಿ ಹೊಡೆದರೆ ಲೋಹದಲ್ಲಿ ಸೂಜಿ ಚುಚ್ಚಿದಂತಹ ಗುಳಿಗಳು ಏಳುತ್ತವೆ. ಸಣ್ಣ ದೋಣಿಯ ತಗಡಿನ ದಪ್ಪ ಎರಡೋ ಮೂರೋ ಮಿಲಿಮೀಟರು ಮಾತ್ರ. ಬಣ್ಣದ ಅಡಿಯಲ್ಲಿ ಗುಳಿ ಬಿದ್ದದ್ದು ಕಣ್ಣಿಗೆ ಕಾಣುವುದಿಲ್ಲ. ಕಾಣುವುದು ನೆರೆಯ ದಿನ, ಹೊಳೆಯ ನಡುವೆ, ಹತ್ತು ಜನ ಕುಳಿತಿರುವಾಗ.

ಇದೇಕೆ ಹೀಗೆ ಎಂಬುದಕ್ಕೆ ಉತ್ತರ ಕೊಡಗಿನ ತೋಟದ ಮನೆಗಳಲ್ಲೇ ಇದೆ. ಕಾಫಿ, ಕಾಳುಮೆಣಸು ಬೆಳೆಯುವವರಿಗೆ ಬೋರ್ಡೋ ದ್ರಾವಣ ಹೊಸದಲ್ಲ. ಒಂದು ಕಿಲೋ ಮೈಲುತುತ್ತ, ಒಂದು ಕಿಲೋ ಸುಣ್ಣ, ನೂರು ಲೀಟರ್ ನೀರು: ಇದು ಶೇಕಡ 1ರ ಬೋರ್ಡೋ. ಮಲೆನಾಡಿನ ಅಡಿಕೆ ಬೆಳೆಗಾರರು ಕೊಳೆರೋಗಕ್ಕೆ ಸಿಂಪಡಿಸುವುದೂ ಇದನ್ನೇ. ದ್ರಾವಣ ಹದವಾಗಿದೆಯೇ ಎಂದು ನೋಡಲು ತೋಟದಲ್ಲಿ ಒಂದು ಸುಲಭ ಉಪಾಯವಿದೆ. ಉಜ್ಜಿ ಹೊಳಪು ಮಾಡಿದ ಕಬ್ಬಿಣದ ಚಾಕುವನ್ನು ಅದರಲ್ಲಿ ಸ್ವಲ್ಪ ಹೊತ್ತು ಅದ್ದಿ ತೆಗೆಯುವುದು. ಚಾಕುವಿನ ಮೇಲೆ ಕೆಂಪು ಲೇಪ ಬಂದರೆ ತಾಮ್ರ ಇನ್ನೂ ಬಿಡಿಯಾಗಿದೆ, ಸುಣ್ಣ ಸಾಲದು ಎಂದರ್ಥ.

ಹತ್ತನೆಯ ತರಗತಿಯ ಮಕ್ಕಳು ಇದನ್ನು ಸ್ಥಾನಪಲ್ಲಟ ಕ್ರಿಯೆ ಎಂದು ಓದಿರುತ್ತಾರೆ. ಲೋಹಗಳನ್ನು ಕ್ರಿಯಾಶೀಲತೆಯ ಪ್ರಕಾರ ಸಾಲಾಗಿ ನಿಲ್ಲಿಸಿದರೆ ಮೆಗ್ನೀಸಿಯಂ, ಅಲ್ಯೂಮಿನಿಯಂ, ಸತು, ಕಬ್ಬಿಣ ಮೇಲೆ ಬರುತ್ತವೆ. ತವರ, ಸೀಸ, ತಾಮ್ರ, ಪಾದರಸ ಕೆಳಗೆ. ಮೇಲಿನ ಲೋಹ ತಾನು ಕರಗಿ ನೀರಿಗಿಳಿದು, ನೀರಿನಲ್ಲಿರುವ ಕೆಳಗಿನ ಲೋಹವನ್ನು ಹೊರಕ್ಕೆ ತಳ್ಳುತ್ತದೆ. ಚಾಕುವಿನ ಮೇಲೆ ತಾಮ್ರ ಕೂತಿತು ಎಂದರೆ ಚಾಕುವಿನ ಅಷ್ಟು ಕಬ್ಬಿಣ ನೀರುಪಾಲಾಯಿತು ಎಂದೇ ಲೆಕ್ಕ. ಅಲ್ಯೂಮಿನಿಯಂ ಕಬ್ಬಿಣಕ್ಕಿಂತಲೂ ಮೇಲಿದೆ. ಆದ್ದರಿಂದ ತಾಮ್ರದ ಮುಂದೆ ಅದು ಇನ್ನೂ ಬೇಗ ಸೋಲಬೇಕು.

ಸಮುದ್ರದ ದೋಣಿಯ ಆ ಕೆಂಪು ಬಣ್ಣದಲ್ಲಿರುವುದು ಸಾಮಾನ್ಯವಾಗಿ ತಾಮ್ರವೇ, ಕ್ಯೂಪ್ರಸ್ ಆಕ್ಸೈಡ್ ರೂಪದಲ್ಲಿ. ಕಡಲಿನಲ್ಲಿ ನಿಂತ ದೋಣಿಯ ತಳಕ್ಕೆ ಬಾರ್ನಕಲ್ ಎಂಬ ಚಿಪ್ಪುಜೀವಿಗಳು, ಪಾಚಿ, ಹುಳುಗಳು ಅಂಟಿಕೊಂಡು ದೋಣಿಯ ವೇಗವನ್ನೇ ಕುಗ್ಗಿಸುತ್ತವೆ. ತಾಮ್ರ ಸ್ವಲ್ಪಸ್ವಲ್ಪವಾಗಿ ನೀರಿಗೆ ಬಿಡುತ್ತಿದ್ದರೆ ಅವು ಹತ್ತಿರ ಸುಳಿಯುವುದಿಲ್ಲ. ಅಂದರೆ ಕರಗುವುದೇ ಈ ಬಣ್ಣದ ಕೆಲಸ. ಮರದ ದೋಣಿಗೂ ಫೈಬರ್ ದೋಣಿಗೂ ಅದರಿಂದ ತೊಂದರೆಯಿಲ್ಲ. ಅಲ್ಯೂಮಿನಿಯಂ ದೋಣಿಗೆ ಮಾತ್ರ, ತೋಟದ ಮೈಲುತುತ್ತವನ್ನು ತಂದು ತಳಕ್ಕೆ ಬಳಿದಂತೆಯೇ.

ಇಲ್ಲಿ ಚುರುಕಿನ ವಿದ್ಯಾರ್ಥಿಯೊಬ್ಬ ಎದ್ದು ಕೇಳಬಹುದು: ಅಲ್ಯೂಮಿನಿಯಂ ಅಷ್ಟು ಚುರುಕಿನ ಲೋಹವಾದರೆ ಅಡುಗೆಮನೆಯ ಅಲ್ಯೂಮಿನಿಯಂ ಪಾತ್ರೆ ನೀರಿನಲ್ಲಿ ಕರಗಿಹೋಗುವುದಿಲ್ಲವೇಕೆ? ಒಳ್ಳೆಯ ಪ್ರಶ್ನೆ. ಶಾಲೆಯ ಪ್ರಯೋಗಾಲಯದಲ್ಲಿ ಉತ್ತರವನ್ನು ಕಣ್ಣಾರೆ ನೋಡಬಹುದು. ಒಂದು ಗಾಜಿನ ಬೀಕರಿನಲ್ಲಿ ತೆಳುವಾದ ಮೈಲುತುತ್ತದ ದ್ರಾವಣ ತೆಗೆದುಕೊಂಡು, ಊಟ ಕಟ್ಟುವ ಅಲ್ಯೂಮಿನಿಯಂ ಹಾಳೆಯ ತುಂಡೊಂದನ್ನು ಹಾಕಬೇಕು. ಮೊದಲು ಹೆಚ್ಚೇನೂ ಆಗುವುದಿಲ್ಲ. ಈಗ ಒಂದು ಚಿಟಿಕೆ ಅಡುಗೆ ಉಪ್ಪು ಹಾಕಿ ಕಲಕಬೇಕು. ಹಾಳೆಯ ಮೇಲೆ ಕೆಂಪು ಕಲೆಗಳು ಏಳುತ್ತವೆ, ಗುಳ್ಳೆಗಳು ಬರುತ್ತವೆ, ಬೀಕರ್ ಬಿಸಿಯಾಗುತ್ತದೆ. ಸ್ವಲ್ಪ ಹೊತ್ತಿನಲ್ಲಿ ಹಾಳೆ ತೂತುತೂತಾಗಿ ಹರಿದು, ತಳದಲ್ಲಿ ಕಂದುಕೆಂಪು ತಾಮ್ರದ ಪುಡಿ ಉಳಿಯುತ್ತದೆ. ಮೈಲುತುತ್ತ ವಿಷ, ಬರುವ ಗುಳ್ಳೆಗಳಲ್ಲಿ ಉರಿಯುವ ಹೈಡ್ರೋಜನ್ ಇದೆ. ಆದ್ದರಿಂದ ಸ್ವಲ್ಪವೇ ಪ್ರಮಾಣದಲ್ಲಿ, ಬೆಂಕಿಯಿಂದ ದೂರ, ಶಿಕ್ಷಕರ ಎದುರಿನಲ್ಲೇ ಮಾಡಬೇಕು. ಮನೆಯ ಅಡುಗೆ ಪಾತ್ರೆಯಲ್ಲಿ ಖಂಡಿತ ಕೂಡದು.

ಗಾಳಿ ತಗುಲಿದ ಕ್ಷಣವೇ ಅಲ್ಯೂಮಿನಿಯಂ ತನ್ನ ಮೇಲೆ ತಾನೇ ಒಂದು ಆಕ್ಸೈಡ್ ಪೊರೆ ಹೊದ್ದುಕೊಳ್ಳುತ್ತದೆ. ಅದರ ದಪ್ಪ ಮಿಲಿಮೀಟರಿನ ಹತ್ತು ಲಕ್ಷ ಭಾಗಗಳಲ್ಲಿ ನಾಲ್ಕೈದು ಭಾಗ ಮಾತ್ರ. ಆದರೂ ಲೋಹವನ್ನು ಕಾಯುವುದು ಅದೇ. ಗೀರಿದರೆ ತಕ್ಷಣ ಮತ್ತೆ ಬೆಳೆಯುತ್ತದೆ. ಕಬ್ಬಿಣದ ತುಕ್ಕು ಉದುರಿಹೋಗುವ ಪುಡಿ, ಇದು ಕಚ್ಚಿಕೊಂಡಿರುವ ಪೊರೆ, ವ್ಯತ್ಯಾಸ ಇಷ್ಟೇ. ಉಪ್ಪಿನಲ್ಲಿರುವ ಕ್ಲೋರೈಡ್ ಈ ಪೊರೆಯನ್ನು ಅಲ್ಲಲ್ಲಿ ಸೀಳುತ್ತದೆ. ಬಲವಾದ ಆಮ್ಲವೂ ಬಲವಾದ ಕ್ಷಾರವೂ ಅದನ್ನು ಕರಗಿಸುತ್ತವೆ. ವಾಷಿಂಗ್ ಸೋಡಾ ಹಾಕಿ ತೊಳೆದ ಅಲ್ಯೂಮಿನಿಯಂ ಪಾತ್ರೆ ಕಪ್ಪಾಗುವುದನ್ನು ಗೃಹಿಣಿಯರು ಬಲ್ಲರು. ತೋಟಕ್ಕೆ ಬೋರ್ಡೋ ಪೀಪಾಯಿಗಳನ್ನು ದೋಣಿಯಲ್ಲಿ ಸಾಗಿಸುವವರು ಈ ಮಾತನ್ನು ನೆನಪಿಡುವುದು ಒಳ್ಳೆಯದು. ಚೆಲ್ಲಿದ ದ್ರಾವಣದಲ್ಲಿ ತಾಮ್ರವೂ ಇದೆ, ಸುಣ್ಣವೂ ಇದೆ. ಒಂದು ಏಟಲ್ಲ, ಎರಡು ಏಟು.

ಎರಡು ಲೋಹಗಳ ಈ ಜಗಳ ಒಂದು ಹಡಗಿನಲ್ಲಿ ಸ್ಪಷ್ಟವಾಗಿ ಕಂಡಿತು. 1761ರಲ್ಲಿ ಬ್ರಿಟಿಷ್ ನೌಕಾಪಡೆ 'ಅಲಾರ್ಮ್' ಎಂಬ ಮರದ ಹಡಗಿನ ತಳಕ್ಕೆ, ಹುಳು ಕೊರೆಯದಿರಲೆಂದು, ತಾಮ್ರದ ತಗಡು ಹೊದಿಸಿತು. ಎರಡು ವರ್ಷದ ಬಳಿಕ ಪರೀಕ್ಷಿಸಿದಾಗ ಕಬ್ಬಿಣದ ಮೊಳೆಗಳು ಕೊಳೆತ ಹಿಟ್ಟಿನಂತಾಗಿ, ತಗಡು ಅಲ್ಲಲ್ಲಿ ಕಳಚಿಬಿದ್ದಿತ್ತು. ಆದರೆ ಕೆಲವು ಮೊಳೆಗಳು ಚೆನ್ನಾಗಿಯೇ ಇದ್ದವು. ನೋಡಿದರೆ, ತಗಡು ಸುತ್ತಿ ತಂದಿದ್ದ ಕಂದು ಕಾಗದದ ಚೂರುಗಳು ಆ ಮೊಳೆಗಳಿಗೂ ತಾಮ್ರಕ್ಕೂ ನಡುವೆ ಸಿಕ್ಕಿಕೊಂಡಿದ್ದವು. ಎರಡು ಲೋಹಗಳು ಮುಟ್ಟದಂತೆ ತಡೆದದ್ದು ಒಂದು ಕಾಗದ! ಅಲ್ಯೂಮಿನಿಯಂ ದೋಣಿಗೆ ಹೊಡೆಯುವ ಪ್ರೈಮರ್ ಮಾಡಬೇಕಾದ ಕೆಲಸವೂ ಆ ಕಾಗದದ್ದೇ.

ಹಾಗಾದರೆ ಯಾವ ಬಣ್ಣ ಹೊಡೆಯಬೇಕು? ಅದಕ್ಕೂ ಮೊದಲು ಹೊಡೆಯಲೇಬೇಕೇ ಎಂದು ಕೇಳಿಕೊಳ್ಳಬೇಕು. ಶಿರಂಗಾಲದ ಹೊಳೆ ಸಿಹಿನೀರು. ಕಡಲಿನ ಬಾರ್ನಕಲ್ ಇಲ್ಲಿಲ್ಲ. ಕೆಲಸ ಮುಗಿದ ಮೇಲೆ ದೋಣಿಯನ್ನು ದಡಕ್ಕೆಳೆದು ಕವುಚಿ ಹಾಕುವ ಪದ್ಧತಿಯಿದ್ದರೆ, ದೋಣಿಗೆಂದೇ ತಯಾರಾದ ಒಳ್ಳೆಯ ಮಿಶ್ರಲೋಹದ ತಳಕ್ಕೆ ಯಾವ ಬಣ್ಣವೂ ಬೇಕಿಲ್ಲ. ಲೋಹದ ಸ್ವಂತ ಪೊರೆಯೇ ಸಾಕು. ಕೆಟ್ಟ ಬಣ್ಣಕ್ಕಿಂತ ಬರಿ ತಳ ಎಷ್ಟೋ ಮೇಲು.

ನೀರಿನ ಮೇಲಿನ ಭಾಗಕ್ಕೆ ಮಾತ್ರ ಬಣ್ಣ ಬೇಕು ಎನ್ನಲು ಬಲವಾದ ಕಾರಣವಿದೆ. ಮೋಡ ಕವಿದ ದಿನ ಕೆನ್ನೀರಿನ ಮೇಲೆ ಬೂದು ಬಣ್ಣದ ದೋಣಿ ದೂರದಿಂದ ಕಾಣುವುದೇ ಇಲ್ಲ. ಹೊರಬದಿಗೆ ಕಿತ್ತಳೆ ಬಣ್ಣ ಬಳಿದರೆ ಕಾಣುತ್ತದೆ. ಒಳಗೆ ಬಿಳಿ ಇರಲಿ. ಬರಿ ಅಲ್ಯೂಮಿನಿಯಂ ಬಿಸಿಲನ್ನು ಪ್ರತಿಫಲಿಸಿದರೂ, ಹೀರಿಕೊಂಡ ಶಾಖವನ್ನು ಹೊರಸೂಸುವುದರಲ್ಲಿ ಬಹಳ ಜಿಪುಣ. ಮಾರ್ಚ್ ಬಿಸಿಲಿನಲ್ಲಿ ಬರಿಗಾಲಿಟ್ಟವರಿಗೆ ಗೊತ್ತು. ಬಿಳಿ ಬಣ್ಣ ಬಿಸಿಲನ್ನೂ ಹಿಂದಿರುಗಿಸುತ್ತದೆ, ಶಾಖವನ್ನೂ ಬಿಟ್ಟುಕೊಡುತ್ತದೆ.

ಬಣ್ಣ ನಿಲ್ಲುವುದು ಮಾತ್ರ ಸುಲಭವಲ್ಲ. ನುಣುಪಾದ ಆಕ್ಸೈಡ್ ಪೊರೆಯ ಮೇಲೆ ನೇರವಾಗಿ ಹೊಡೆದ ಎನಾಮೆಲ್ ಒಂದೇ ಮಳೆಗಾಲಕ್ಕೆ ಹಪ್ಪಳದಂತೆ ಏಳುತ್ತದೆ. ಮೊದಲು ಸೋಪುನೀರಿನಿಂದ ಜಿಡ್ಡು ತೆಗೆದು, ಒಣಗಿಸಿ, ಸ್ಯಾಂಡ್ ಪೇಪರಿನಿಂದ ಒರಟು ಮಾಡಬೇಕು. ತಂತಿಯ ಬ್ರಷ್ ಮತ್ತು ಸ್ಟೀಲ್ ಉಣ್ಣೆ ಬೇಡ. ಅವು ಬಿಟ್ಟುಹೋಗುವ ಕಬ್ಬಿಣದ ಕಣಗಳು ತುಕ್ಕಿನ ಬೀಜಗಳಾಗುತ್ತವೆ. ಪುಡಿ ಒರೆಸಿ, ತಡಮಾಡದೆ ಅದೇ ದಿನ ಪ್ರೈಮರ್ ಹೊಡೆಯಬೇಕು. ಅಲ್ಯೂಮಿನಿಯಂಗೆ ಹೊಂದುತ್ತದೆ ಎಂದು ಡಬ್ಬಿಯ ಮೇಲೆ ಬರೆದಿರುವ ಎಚ್ ಪ್ರೈಮರಿನ ತೆಳು ಲೇಪ, ಅಥವಾ ಎರಡು ಡಬ್ಬಿಗಳನ್ನು ಬೆರೆಸಿ ಮಾಡುವ ಎಪಾಕ್ಸಿ ಪ್ರೈಮರ್ ಆಗಬಹುದು. ಒಂದರ ಮೇಲೊಂದು ಹೊಡೆಯುವುದಾದರೆ ಎರಡೂ ಹೊಂದುತ್ತವೆಯೇ ಎಂದು ತಯಾರಕರ ಸೂಚನೆ ನೋಡಬೇಕು. ಎಪಾಕ್ಸಿ ನೀರಿಗೆ ಗಟ್ಟಿ, ಬಿಸಿಲಿಗೆ ಮೆದು. ಬಿಸಿಲು ತಾಗಿದರೆ ಸೀಮೆಸುಣ್ಣದಂತೆ ಪುಡಿಯಾಗುತ್ತದೆ. ಆದ್ದರಿಂದ ಮೇಲೆ ಪಾಲಿಯುರಿಥೇನ್ ಬಣ್ಣ. ಇದನ್ನು ಮನೆಯವರು ಬ್ರಷ್ಷಿನಿಂದ ಹೊಡೆಯಬೇಕೇ ಹೊರತು ಸ್ಪ್ರೇ ಮಾಡಬಾರದು. ಆ ತುಂತುರು ಶ್ವಾಸಕೋಶಕ್ಕೆ ಕೆಟ್ಟದ್ದು.

ಕೊಡಗಿನ ಮಳೆಗಾಲದಲ್ಲಿ ಈ ಕೆಲಸ ಆಗದು. ಡಿಸೆಂಬರಿನಿಂದ ಮಾರ್ಚ್‌ವರೆಗೆ ಸರಿಯಾದ ಕಾಲ, ಅದೂ ಬೆಳಗಿನ ಇಬ್ಬನಿ ಪೂರ್ತಿ ಆರಿದ ಮೇಲೆ. ರಾತ್ರಿ ತಣಿದ ತಗಡಿನ ಮೇಲೆ ಕಣ್ಣಿಗೆ ಕಾಣದ ತೇವ ಕೂತಿರುತ್ತದೆ.

ಗೇಟಿನ ಕೆಂಪು ಪ್ರೈಮರಿನ ವಿಚಾರಕ್ಕೆ ಬಂದರೆ, ಅದು ಕಬ್ಬಿಣದ ಆಕ್ಸೈಡಿನದ್ದಾಗಿದ್ದರೆ ದೋಣಿಯನ್ನು ತಿನ್ನುವುದಿಲ್ಲವಾದರೂ ಅಲ್ಯೂಮಿನಿಯಂ ಮೇಲೆ ಸರಿಯಾಗಿ ಹಿಡಿಯುವುದಿಲ್ಲ. ಹಳೆಯ ಡಬ್ಬಿಯಾಗಿದ್ದು ಒಳಗಿರುವುದು ರೆಡ್ ಲೆಡ್, ಅಂದರೆ ಸೀಸದ ಆಕ್ಸೈಡ್ ಆಗಿದ್ದರೆ ಅದನ್ನು ಮುಟ್ಟಲೇಬಾರದು. ಸೀಸವೂ ಅಲ್ಯೂಮಿನಿಯಂಗಿಂತ ಕೆಳಗಿನ ಲೋಹವೇ. ಅದಕ್ಕಿಂತ ಮುಖ್ಯವಾಗಿ, ಅದು ಮಕ್ಕಳ ಮಿದುಳಿಗೆ ವಿಷ. ಮನೆಬಳಕೆಯ ಮತ್ತು ಅಲಂಕಾರದ ಬಣ್ಣಗಳಲ್ಲಿ ಸೀಸ ಹತ್ತು ಲಕ್ಷಕ್ಕೆ 90 ಭಾಗ ಮೀರಬಾರದೆಂದು ಭಾರತದಲ್ಲಿ ನಿಯಮ ಬಂದದ್ದು 2016ರಲ್ಲಿ. ಹಿಂದೆ ಅಲ್ಯೂಮಿನಿಯಂಗೆ ಹೊಡೆಯುತ್ತಿದ್ದ ಹಳದಿ ಜಿಂಕ್ ಕ್ರೋಮೇಟ್ ಪ್ರೈಮರ್ ತನ್ನ ಕೆಲಸವನ್ನೇನೋ ಚೆನ್ನಾಗಿ ಮಾಡುತ್ತಿತ್ತು. ಆದರೆ ಅದರಲ್ಲಿರುವ ಕ್ರೋಮಿಯಂ ಕ್ಯಾನ್ಸರ್‌ಕಾರಕ. ಬೇಸಿಗೆ ರಜೆಯಲ್ಲಿ ಹಳೆಯ ದೋಣಿಯ ಬಣ್ಣ ಕೆರೆಯುವ ಕೆಲಸವನ್ನು ಮಕ್ಕಳಿಗೆ ಒಪ್ಪಿಸುವ ಪೋಷಕರು ಈ ಕೆಂಪು, ಹಳದಿ ಪದರಗಳ ಬಗ್ಗೆ ಎಚ್ಚರ ವಹಿಸಬೇಕು. ಕೆರೆಯುವುದೇ ಆದರೆ ದೊಡ್ಡವರು, ಮೂಗಿಗೆ ಸರಿಯಾದ ಮುಸುಕು ಕಟ್ಟಿಕೊಂಡು, ನೀರು ಹಾಕಿ ತೇವ ಮಾಡಿ ಕೆರೆದು, ಆ ಕೆಸರನ್ನು ಹೊಳೆಗೆ ಬಿಡದೆ ಬೇರೆಯಾಗಿ ತೆಗೆದಿಡಬೇಕು. ಡಾಂಬರು ಇಷ್ಟು ಕೇಡು ಮಾಡದು. ಆದರೆ ಬಿಸಿಲಿಗೆ ಇಳಿಯುತ್ತದೆ, ಮುಂದೆ ಬೇರೆ ಬಣ್ಣ ಅದರ ಮೇಲೆ ನಿಲ್ಲುವುದಿಲ್ಲ.

ಬಣ್ಣವೆಲ್ಲ ಸರಿಯಾದರೂ ಒಂದು ಸಣ್ಣ ವಸ್ತು ದೋಣಿಯನ್ನು ಕೆಡಿಸಬಲ್ಲದು. ಕಾವೇರಿ ದಾಟುವವರು ಕೈಮುಗಿದು ಹೊಳೆಗೆ ನಾಣ್ಯ ಹಾಕುವ ಪದ್ಧತಿ ಇದೆಯಷ್ಟೆ. ಹಿತ್ತಾಳೆ ಬಣ್ಣದ ಐದು ರೂಪಾಯಿ ನಾಣ್ಯದಲ್ಲಿ ಹೆಚ್ಚಿನ ಪಾಲು ತಾಮ್ರ. ಅದು ಕೈಜಾರಿ ದೋಣಿಯ ತಳದ ಹಲಗೆಯ ಸಂದಿಗೆ ಬಿದ್ದು, ಅಲ್ಲಿನ ಕೊಳಕು ನೀರಿನಲ್ಲಿ ತಿಂಗಳುಗಟ್ಟಲೆ ಕೂತರೆ ಅದರಡಿಯ ತಗಡು ಸವೆಯತೊಡಗುತ್ತದೆ. ಹಿತ್ತಾಳೆಯ ಮೊಳೆ, ತಾಮ್ರದ ತಂತಿಯ ಚೂರು, ಮೀನಿನ ಬಲೆಯ ಸೀಸದ ಗುಂಡು ಎಲ್ಲಕ್ಕೂ ಇದೇ ಮಾತು. ಪ್ರತಿ ಮೇ ತಿಂಗಳಲ್ಲಿ, ಮಳೆ ಹಿಡಿಯುವ ಮೊದಲು, ಹಲಗೆ ಎತ್ತಿ ಗುಡಿಸಿ, ಸಿಹಿನೀರು ಹೊಯ್ದು ತೊಳೆದು, ತಳವನ್ನು ಬೆರಳಿನಿಂದ ಸವರಿ ನೋಡಬೇಕು. ಎಲ್ಲಾದರೂ ಬಿಳಿ ಪುಡಿ ಉಬ್ಬಿದ್ದರೆ ಅದು ಕೊಳೆಯಲ್ಲ, ಕರಗಿಹೋದ ಅಲ್ಯೂಮಿನಿಯಂ. ಅದನ್ನು ಒರೆಸಿ, ಅಡಿಯ ಗುಳಿಗೆ ಸೂಜಿಯ ಮೊನೆ ಎಷ್ಟು ಇಳಿಯುತ್ತದೆ ಎಂದು ನೋಡಬೇಕು. ಆಳವಾಗಿ ಇಳಿದರೆ ಅದಕ್ಕೆ ಬಣ್ಣದ ಮದ್ದಿಲ್ಲ. ಅಲ್ಯೂಮಿನಿಯಂ ವೆಲ್ಡಿಂಗ್ ಬಲ್ಲವರಲ್ಲಿಗೆ ಒಯ್ದು ತೇಪೆ ಹಾಕಿಸಿಕೊಂಡು ಬಂದ ಮೇಲೆಯೇ ದೋಣಿಯನ್ನು ನೀರಿಗಿಳಿಸಬೇಕು.