ಹಿಮಾಲಯ ಚಾರಣ: ಏರುವ ಉತ್ಸಾಹದೊಂದಿಗೆ ಇಳಿಯುವ ವಿವೇಕವೂ ಇರಲಿ

"ಡಾಕ್ಟ್ರೇ, ಒಂದು ಫಿಟ್‌ನೆಸ್ ಸರ್ಟಿಫಿಕೇಟು ಬೇಕಿತ್ತು. ಬರುವ ತಿಂಗಳು ಎವರೆಸ್ಟ್ ಬೇಸ್ ಕ್ಯಾಂಪಿಗೆ ಹೊರಟಿದ್ದೇವೆ."

ಕೊಡಿಯಾಲ್‌ಬೈಲಿನ ನಮ್ಮ ಚಿಕಿತ್ಸಾಲಯಕ್ಕೆ ಇಂತಹ ಕೋರಿಕೆ ಹೊತ್ತು ಬರುವವರ ಸಂಖ್ಯೆ ಈಚಿನ ವರ್ಷಗಳಲ್ಲಿ ಹೆಚ್ಚಿದೆ. ಈ ಮಾತು ಹೇಳಿದವರು 52 ವರ್ಷದ ಗೃಹಸ್ಥರು. ರಕ್ತದೊತ್ತಡಕ್ಕೆ ದಿನಕ್ಕೊಂದು ಮಾತ್ರೆ, ಬೆಳಿಗ್ಗೆ ತಪ್ಪದೆ ವಾಯುವಿಹಾರ. ಕೈಯಲ್ಲಿ ಹಿಮಶಿಖರಗಳ ಬಣ್ಣದ ಚಿತ್ರವಿದ್ದ ಒಂದು ಕರಪತ್ರ. "ಮಂಡಿ ಗಟ್ಟಿ ಇದೆ, ಕುಮಾರ ಪರ್ವತ ಎರಡು ಸಲ ಹತ್ತಿದ್ದೇನೆ. ಇನ್ನೇನು ಬೇಕು?" ಎಂದು ಕೇಳಿದರು.

ಓದುಗರಲ್ಲಿ ಹಲವರಿಗೆ ಇದೇ ಪ್ರಶ್ನೆ ಇರಬಹುದು. ಹಿಮಾಲಯದಲ್ಲಿ ಮಂಡಿಗಿಂತ ಮೊದಲು ಪರೀಕ್ಷೆಗೆ ಒಳಗಾಗುವುದು ಶ್ವಾಸಕೋಶ ಮತ್ತು ಮೆದುಳು ಎಂಬುದನ್ನು ಹೇಳುವುದೇ ಈ ವಾರದ ಉದ್ದೇಶ.

ನಾವು ಬಯಲಿನ ಜನ

ಕೊಡಿಯಾಲ್‌ಬೈಲ್ ಎಂಬ ಹೆಸರಿನಲ್ಲೇ ಬಯಲು ಇದೆ. ಅರಬ್ಬೀ ಸಮುದ್ರದ ಮಗ್ಗುಲಲ್ಲಿ ಹುಟ್ಟಿ ಬೆಳೆದವರು ನಾವು. ನಮ್ಮ ಜಿಲ್ಲೆಯ ಹೆಮ್ಮೆಯ ಕುಮಾರ ಪರ್ವತದ ಎತ್ತರ ಸುಮಾರು 1,700 ಮೀಟರ್. ಇಡೀ ಕರ್ನಾಟಕದಲ್ಲೇ ಅತಿ ಎತ್ತರದ ಮುಳ್ಳಯ್ಯನಗಿರಿ ಕೂಡ 2,000 ಮೀಟರ್ ಮುಟ್ಟುವುದಿಲ್ಲ. ಎತ್ತರದ ಕಾಯಿಲೆ ಕಾಣಿಸಿಕೊಳ್ಳಲು ಆರಂಭವಾಗುವುದು ಸಾಮಾನ್ಯವಾಗಿ 2,500 ಮೀಟರಿನ ಮೇಲೆ. ಅಂದರೆ ನಮ್ಮ ರಾಜ್ಯದ ಎಲ್ಲ ಬೆಟ್ಟಗಳನ್ನೂ ಹತ್ತಿಳಿದವರಿಗೂ ಈ ವಿಷಯದಲ್ಲಿ ಅನುಭವ ಸೊನ್ನೆಯೇ. ಪಶ್ಚಿಮ ಘಟ್ಟದ ಚಾರಣ ಕಾಲುಗಳನ್ನು ಗಟ್ಟಿ ಮಾಡುತ್ತದೆ. ಆದರೆ ತೆಳುಗಾಳಿಯ ಪಾಠವನ್ನು ಅದು ಕಲಿಸಲಾರದು.

ಎವರೆಸ್ಟ್ ಬೇಸ್ ಕ್ಯಾಂಪಿನ ದಾರಿಯನ್ನೇ ನೋಡಿ. ಕಾಠ್ಮಂಡು ಸುಮಾರು 1,400 ಮೀಟರ್ ಎತ್ತರದಲ್ಲಿದೆ. ಅಲ್ಲಿಂದ ಪುಟ್ಟ ವಿಮಾನದಲ್ಲಿ ಅರ್ಧ ಗಂಟೆಯೊಳಗೆ ಲುಕ್ಲಾ ತಲುಪಿದರೆ 2,800 ಮೀಟರಿಗೂ ಮೇಲೆ. ಮುಂದೆ ನಾಮ್ಚೆ ಬಜಾರ್ 3,440, ಡಿಂಗ್‌ಬೋಚೆ 4,410, ಕೊನೆಗೆ ಬೇಸ್ ಕ್ಯಾಂಪ್ 5,364 ಮೀಟರ್. ಗಾಳಿಯಲ್ಲಿ ಪ್ರಾಣವಾಯುವಿನ ಪಾಲು ಎಲ್ಲೆಡೆಯೂ ಶೇ. 21ರಷ್ಟೇ. ಆದರೆ ಮೇಲೇರಿದಂತೆ ಗಾಳಿಯ ಒತ್ತಡ ಕುಸಿಯುವುದರಿಂದ ಒಂದೊಂದು ಉಸಿರಿನಲ್ಲಿ ಒಳಬರುವ ಪ್ರಾಣವಾಯು ಕಡಿಮೆಯಾಗುತ್ತದೆ. ನಾಮ್ಚೆಯಲ್ಲಿ ನಿಮಗೆ ದೊರೆಯುವುದು ಮಂಗಳೂರಿನಲ್ಲಿ ದೊರೆಯುವುದರ ಸುಮಾರು ಮೂರನೇ ಎರಡು ಪಾಲು, ಬೇಸ್ ಕ್ಯಾಂಪಿನಲ್ಲಿ ಹೆಚ್ಚುಕಡಿಮೆ ಅರ್ಧ.

ಶರೀರ ಇದಕ್ಕೆ ಹೊಂದಿಕೊಳ್ಳಬಲ್ಲದು. ಉಸಿರಾಟ ಚುರುಕಾಗುತ್ತದೆ, ಮೂತ್ರಪಿಂಡಗಳು ರಕ್ತದ ಕ್ಷಾರ ಆಮ್ಲ ಸಮತೋಲವನ್ನು ಸರಿಪಡಿಸುತ್ತವೆ, ನಿಧಾನವಾಗಿ ಕೆಂಪು ರಕ್ತಕಣಗಳು ಹೆಚ್ಚುತ್ತವೆ. ಇದಕ್ಕೆಲ್ಲ ದಿನಗಳು ಬೇಕು. ಹಣ ಕೊಟ್ಟು ಈ ದಿನಗಳನ್ನು ಕಡಿಮೆ ಮಾಡಿಕೊಳ್ಳಲು ಬರುವುದಿಲ್ಲ.

ಗಟ್ಟಿಮುಟ್ಟಾದವರಿಗೂ ಬಿಡದು

"ನನಗೆ ಇಪ್ಪತ್ತೈದು ವರ್ಷ, ದಿನಾ ಜಿಮ್‌ಗೆ ಹೋಗುತ್ತೇನೆ, ನನಗೇನಾದೀತು?" ಎಂದು ಕೇಳುವ ಯುವಕರಿದ್ದಾರೆ. ಅವರಿಗೆ ಒಂದು ಉದಾಹರಣೆ. 1962ರ ಚೀನಾ ಯುದ್ಧದ ಸಂದರ್ಭದಲ್ಲಿ ಬಯಲು ಸೀಮೆಯ ನಮ್ಮ ಸೈನಿಕರನ್ನು ತರಾತುರಿಯಲ್ಲಿ ಹಿಮಾಲಯದ ಎತ್ತರಕ್ಕೆ ಸಾಗಿಸಬೇಕಾಯಿತು. ಹಾಗೆ ಕಾಯಿಲೆ ಬಿದ್ದ 1,925 ಸೈನಿಕರನ್ನು ಕುರಿತು ಸೇನೆಯ ವೈದ್ಯ ಇಂದರ್ ಸಿಂಗ್ ಮತ್ತು ಸಂಗಡಿಗರು 1969ರಲ್ಲಿ ಪ್ರಕಟಿಸಿದ ವರದಿಯನ್ನು ಜಗತ್ತಿನ ವೈದ್ಯರು ಇಂದಿಗೂ ಉಲ್ಲೇಖಿಸುತ್ತಾರೆ. ಅವರೆಲ್ಲ ಆಯ್ದು ತೆಗೆದ, ಕಸರತ್ತು ಮಾಡಿದ ಜವಾನರು. ಮೈಕಟ್ಟು ಅವರನ್ನು ಕಾಪಾಡಲಿಲ್ಲ. ಬಲಶಾಲಿಗಳು ಬೇಗ ಬೇಗ ಏರಿಬಿಡುವುದರಿಂದ ಅವರಿಗೇ ಅಪಾಯ ಹೆಚ್ಚೆಂದರೂ ತಪ್ಪಲ್ಲ.

ಲಕ್ಷಣಗಳನ್ನು ಗುರುತಿಸಿ

ಮೊದಲ ಹಂತದಲ್ಲಿ ತಲೆನೋವು, ಊಟ ಬೇಡವೆನಿಸುವುದು, ವಾಕರಿಕೆ, ಸುಸ್ತು, ತಲೆಸುತ್ತು ಕಾಣಿಸುತ್ತವೆ. "ಬಿಸಿಲಿಗೆ ಆಗಿರಬೇಕು, ಗ್ಯಾಸ್ ಇರಬೇಕು" ಎಂದು ನಾವು ಸಮಾಧಾನ ಹೇಳಿಕೊಳ್ಳುತ್ತೇವೆ. ಬೇರೆ ಕಾರಣ ಖಚಿತವಾಗುವ ತನಕ ಅದನ್ನು ಎತ್ತರದ ಕಾಯಿಲೆ ಎಂದೇ ತಿಳಿಯಬೇಕು.

ಕಾಯಿಲೆ ಉಲ್ಬಣಿಸಿದರೆ ಎರಡು ರೂಪಗಳನ್ನು ತಾಳುತ್ತದೆ. ಒಂದು, ಮೆದುಳಿನ ಬಾವು. ರೋಗಿ ಕುಡಿದವನಂತೆ ತೂರಾಡುತ್ತಾನೆ, ಮಾತು ಅಸಂಬದ್ಧವಾಗುತ್ತದೆ. ಹಿಮ್ಮಡಿಗೆ ಬೆರಳು ತಾಗಿಸುತ್ತ ನೇರ ಗೆರೆಯ ಮೇಲೆ ನಡೆಯಲು ಹೇಳಿ. ನಡೆಯಲಾಗದಿದ್ದರೆ ಒಂದು ನಿಮಿಷವೂ ತಡಮಾಡಬಾರದು. ಇನ್ನೊಂದು, ಶ್ವಾಸಕೋಶದಲ್ಲಿ ನೀರು ತುಂಬುವುದು. ಸುಮ್ಮನೆ ಕುಳಿತಾಗಲೂ ಏದುಸಿರು, ಬಿಡದ ಕೆಮ್ಮು, ನೀಲಿಗಟ್ಟಿದ ತುಟಿ ಇದರ ಗುರುತು. ಎರಡೂ ಕೆಲವೇ ಗಂಟೆಗಳಲ್ಲಿ ಪ್ರಾಣ ತೆಗೆಯಬಲ್ಲವು. ಎರಡಕ್ಕೂ ಮುಖ್ಯ ಚಿಕಿತ್ಸೆ ಒಂದೇ: ಕೆಳಗಿಳಿಯುವುದು. ನಡುರಾತ್ರಿಯಾದರೂ ಸರಿ, ಜೊತೆಗೊಬ್ಬರನ್ನು ಕೊಟ್ಟು ಇಳಿಸಬೇಕು. ರೋಗಿಯನ್ನು ಎಂದೂ ಒಬ್ಬನೇ ಕಳುಹಿಸಬಾರದು.

ತಡೆಯುವುದು ಹೇಗೆ?

ಇದಕ್ಕೆ ನಿಧಾನವೇ ಪ್ರಧಾನ. 3,000 ಮೀಟರಿನ ಮೇಲೆ, ಒಂದು ರಾತ್ರಿ ಮಲಗಿದ ಜಾಗಕ್ಕಿಂತ ಮರುರಾತ್ರಿ ಮಲಗುವ ಜಾಗ 500 ಮೀಟರಿಗಿಂತ ಹೆಚ್ಚು ಎತ್ತರದಲ್ಲಿರಬಾರದು. ಮೂರು ನಾಲ್ಕು ದಿನಕ್ಕೊಮ್ಮೆ ಅದೇ ಎತ್ತರದಲ್ಲಿ ಒಂದು ದಿನ ಹೆಚ್ಚಿಗೆ ತಂಗಬೇಕು. ಲಕ್ಷಣವಿದ್ದಾಗ ಮೇಲೇರಬಾರದು.

ಅಸೆಟಾಜೋಲಮೈಡ್ ಎಂಬ ಮಾತ್ರೆ ಹೊಂದಿಕೊಳ್ಳುವುದಕ್ಕೆ ಸಹಾಯ ಮಾಡುತ್ತದೆ ನಿಜ. ಆದರೆ ಸಲ್ಫಾ ಔಷಧಗಳ ಅಲರ್ಜಿ, ಮೂತ್ರಪಿಂಡದ ತೊಂದರೆ ಇರುವವರು ವೈದ್ಯರಿಗೆ ಮೊದಲೇ ತಿಳಿಸಬೇಕು. ಸ್ನೇಹಿತರು ತಂದ ಪಟ್ಟಿಯಿಂದ ನುಂಗುವ ಮಾತ್ರೆ ಇದಲ್ಲ. ಮದ್ಯ ಮತ್ತು ನಿದ್ರೆ ಮಾತ್ರೆಗಳನ್ನು ದೂರವಿಡಿ.

ಕರ್ಪೂರ ಮೂಸುವುದು, ಬೆಳ್ಳುಳ್ಳಿ ಸೂಪು ಕುಡಿಯುವುದು ಚಾರಣಿಗರಲ್ಲಿ ಬಹಳ ಪ್ರಚಾರದಲ್ಲಿವೆ. ಸೂಪು ಮೈ ಬೆಚ್ಚಗಿಟ್ಟೀತು. ಇವೆರಡೂ ಕಾಯಿಲೆ ತಡೆಯುತ್ತವೆ ಎಂಬುದಕ್ಕೆ ಆಧಾರವಿಲ್ಲ. ಪುಟ್ಟ ಆಮ್ಲಜನಕದ ಡಬ್ಬಿ ಕೊಡುವ ನೆಮ್ಮದಿ ಕೆಲವೇ ನಿಮಿಷಗಳದ್ದು. ಕೋವಿಡ್ ಕಾಲದಲ್ಲಿ ಮನೆಮನೆಗೆ ಬಂದ ಬೆರಳಿನ ಆಕ್ಸಿಮೀಟರನ್ನು ಒಯ್ಯಿರಿ. ಆದರೆ ಅದರ ಅಂಕಿಗಿಂತ ರೋಗಿಯ ಮುಖ, ನಡಿಗೆ, ಉಸಿರಾಟವನ್ನು ಹೆಚ್ಚು ನಂಬಿ.

ಮಧುಮೇಹಿಗಳು ಇನ್ಸುಲಿನ್ ಹೆಪ್ಪುಗಟ್ಟದಂತೆ ಅಂಗಿಯ ಒಳಜೇಬಿನಲ್ಲಿ ಇರಿಸಿಕೊಳ್ಳಬೇಕು. ರಕ್ತದೊತ್ತಡ ಮೇಲೆ ಹೋದಾಗ ಏರುವುದುಂಟು, ಆದುದರಿಂದ ಮಾತ್ರೆ ತಪ್ಪಿಸಬಾರದು. ಹೃದಯದ ಕಾಯಿಲೆ ಇರುವವರು, ಗರ್ಭಿಣಿಯರು, ತೀವ್ರ ರಕ್ತಹೀನತೆಯವರು ವೈದ್ಯರೊಡನೆ ಕೂಲಂಕಷವಾಗಿ ಮಾತಾಡದೆ ಹೊರಡಬಾರದು. ತಯಾರಿಗೆ ಕನಿಷ್ಠ ಮೂರು ತಿಂಗಳು ಬೇಕು. ಬೆನ್ನಿಗೆ ಐದಾರು ಕಿಲೋ ಚೀಲ ಹಾಕಿಕೊಂಡು ಬಾವುಟಗುಡ್ಡೆಯನ್ನೋ ಕದ್ರಿ ಗುಡ್ಡೆಯನ್ನೋ ನಿತ್ಯ ಹತ್ತಿಳಿಯಿರಿ.

ಶೆರ್ಪಾಗಳಿಂದ ಕಲಿಯುವುದು

ಶೆರ್ಪಾ ಎಂದರೆ ಹೊರೆ ಹೊರುವ ಕೂಲಿ ಎಂದು ಹಲವರು ಭಾವಿಸಿದ್ದಾರೆ. ಅದು ಒಂದು ಜನಾಂಗದ ಹೆಸರು. 'ಶರ್' ಎಂದರೆ ಪೂರ್ವ, 'ಪಾ' ಎಂದರೆ ಜನ. ಶತಮಾನಗಳ ಹಿಂದೆ ಟಿಬೆಟಿನಿಂದ ಬಂದು ಖುಂಬು ಕಣಿವೆಯಲ್ಲಿ ನೆಲೆಸಿದವರು. ಮಕ್ಕಳಿಗೆ ಹುಟ್ಟಿದ ವಾರದ ಹೆಸರಿಡುವ ಪದ್ಧತಿ ಇವರಲ್ಲಿದೆ. ಸೋಮವಾರ ಹುಟ್ಟಿದರೆ ದಾವಾ, ಶುಕ್ರವಾರವಾದರೆ ಪಾಸಾಂಗ್. ಇವರ ಮನೆಯ ಉಪ್ಪು ಬೆಣ್ಣೆಯ ಚಹಾ, ಆಲೂಗಡ್ಡೆ ತುರಿದು ಕಾವಲಿಯಲ್ಲಿ ಹುಯ್ಯುವ ದೋಸೆಯಂತಹ ರಿಗಿ ಕುರ್ ಆ ಚಳಿಗೆ ಒಗ್ಗುವ ಆಹಾರ.

ತಲೆಮಾರುಗಳಿಂದ ಎತ್ತರದಲ್ಲಿ ಬಾಳಿದ ಇವರ ಶರೀರ ಕಡಿಮೆ ಪ್ರಾಣವಾಯುವನ್ನು ಮಿತವ್ಯಯದಿಂದ ಬಳಸುತ್ತದೆ. ನಮ್ಮ ರಕ್ತದಂತೆ ಇವರದು ಅತಿಯಾಗಿ ಮಂದವಾಗುವುದಿಲ್ಲ. ಇದು ವಂಶವಾಹಿಗಳಲ್ಲೇ ಬಂದ ಗುಣ. ಆದುದರಿಂದ "ಶೆರ್ಪಾ ಹುಡುಗ ಓಡುತ್ತಾನೆ, ನಾನೇಕೆ ಓಡಬಾರದು?" ಎಂಬ ಹೋಲಿಕೆ ಸಲ್ಲದು. ಇನ್ನೊಂದು ಮಾತು. ನಿಮ್ಮ ಚೀಲ ಹೊರುವವರೆಲ್ಲರೂ ಶೆರ್ಪಾಗಳಲ್ಲ. ರಾಯ್, ತಮಾಂಗ್ ಮೊದಲಾದ ಸಮುದಾಯಗಳ, ತಗ್ಗಿನ ಊರುಗಳ ಬಡ ಯುವಕರೂ ಇರುತ್ತಾರೆ. ಎತ್ತರದ ಕಾಯಿಲೆ ಅವರನ್ನೂ ಬಿಡುವುದಿಲ್ಲ. ಅವರಿಗೆ ಬೆಚ್ಚನೆಯ ಉಡುಪು, ಬೂಟು, ವಿಮೆ ಇದೆಯೇ ಎಂದು ಹಣ ಕಟ್ಟುವ ಮೊದಲೇ ಕೇಳುವುದು ನಿಮ್ಮ ಕರ್ತವ್ಯ.

ಖುಂಬು ಕಣಿವೆಯ ನಡುವೆ ಖುಂಬಿಲಾ ಎಂಬ ಶಿಖರವಿದೆ. ಎವರೆಸ್ಟನ್ನೇ ಏರುವ ಶೆರ್ಪಾಗಳು, ತಮ್ಮನ್ನು ಕಾಯುವ ದೈವದ ನೆಲೆಯೆಂದು ಅದನ್ನು ಏರುವುದಿಲ್ಲ. ನಾಗಬನಕ್ಕೆ ಕತ್ತಿ ಹಾಕದ ನಮ್ಮ ತುಳುನಾಡಿನ ಜನರಿಗೆ ಇದು ಸುಲಭವಾಗಿ ಅರ್ಥವಾದೀತು. ಕೈಗೆಟಕುವ ಬೆಟ್ಟವನ್ನೂ ಏರದೆ ಬಿಡುವುದು ಪರ್ವತ ಬಲ್ಲವರಿಗೆ ಅವಮಾನವಲ್ಲ.

ಮರೆಯಬಾರದ ಜೂನ್

2024ರ ಜೂನ್ ಮೊದಲ ವಾರವನ್ನು ನೆನಪಿಸಿಕೊಳ್ಳಿ. ಉತ್ತರಾಖಂಡದಲ್ಲಿ 4,000 ಮೀಟರಿಗೂ ಮೇಲಿರುವ ಸಹಸ್ರತಾಲ್ ಸರೋವರಕ್ಕೆ ಹೋಗಿದ್ದ, ಬಹುಪಾಲು ಕರ್ನಾಟಕದವರೇ ಇದ್ದ ತಂಡ ಹಿಮಗಾಳಿಗೆ ಸಿಕ್ಕಿ 9 ಮಂದಿ ಮೃತಪಟ್ಟರು. ಉಳಿದವರನ್ನು ಹೆಲಿಕಾಪ್ಟರುಗಳ ನೆರವಿನಿಂದ ರಕ್ಷಿಸಲಾಯಿತು. ಅವರಲ್ಲಿ ಅನುಭವಿಗಳಿದ್ದರು, ಮಾರ್ಗದರ್ಶಿಗಳೂ ಇದ್ದರು. ಮಡಿದವರ ಬಗ್ಗೆ ಮನೆಯಲ್ಲಿ ಕುಳಿತು ತೀರ್ಪು ಕೊಡುವುದು ತರವಲ್ಲ. ಆದರೆ ಚಳಿ, ಗಾಳಿ, ಒದ್ದೆ ಬಟ್ಟೆ ಮೂರೂ ಸೇರಿದರೆ ಎಂತಹವರ ಮೈಶಾಖವೂ ಕುಸಿಯುತ್ತದೆ ಎಂಬ ಪಾಠವನ್ನಾದರೂ ಕಲಿಯದಿದ್ದರೆ ಅದು ನಮ್ಮ ತಪ್ಪು.

ಅಮರನಾಥ ಯಾತ್ರೆಗೆ ಆರೋಗ್ಯ ಪ್ರಮಾಣಪತ್ರ ಕಡ್ಡಾಯ. ಸರಕಾರದ ಕೈಲಾಸ ಮಾನಸ ಸರೋವರ ಯಾತ್ರೆಗೆ ದಿಲ್ಲಿಯಲ್ಲಿ ತಪಾಸಣೆಯಾಗುತ್ತದೆ, 70 ದಾಟಿದವರಿಗೆ ಅವಕಾಶವಿಲ್ಲ. ಖಾಸಗಿ ಚಾರಣದಲ್ಲಿ ಎಷ್ಟೋ ಸಲ ನೀವೇ ಸಹಿ ಹಾಕಿದ ಒಂದು ಹಾಳೆ ಸಾಕಾಗುತ್ತದೆ. ಇದು ಬದಲಾಗಬೇಕು. ಕಾನೂನು ಬರುವ ತನಕ ಕಾಯಬೇಕಾಗಿಲ್ಲ. ಹಣ ಕಟ್ಟುವ ಮುನ್ನ ಈ ನಾಲ್ಕು ಪ್ರಶ್ನೆ ಕೇಳಿ: ಹೆಚ್ಚಿಗೆ ತಂಗುವ ದಿನಗಳೆಷ್ಟು? ಹವೆ ಕೆಟ್ಟರೆ ಬಳಸಲು ಮೀಸಲು ದಿನ ಇದೆಯೇ? ಒಬ್ಬರು ಕಾಯಿಲೆ ಬಿದ್ದರೆ ಜೊತೆಗೆ ಇಳಿಯುವವರು ಯಾರು? ವಿಮೆಯಲ್ಲಿ ಹೆಲಿಕಾಪ್ಟರಿನ ವೆಚ್ಚ ಸೇರಿದೆಯೇ? ಅಗ್ಗದ ಚಾರಣದಲ್ಲಿ ಮೊದಲು ಕತ್ತರಿ ಬೀಳುವುದು ವಿಶ್ರಾಂತಿಯ ದಿನಗಳಿಗೆ ಎಂಬುದು ನೆನಪಿರಲಿ.

ಮನೆಯವರಿಗೆ ಒಂದು ಮಾತು

ಆರಂಭದಲ್ಲಿ ಹೇಳಿದ ಗೃಹಸ್ಥರ ಕರಪತ್ರವನ್ನು ನೋಡಿದೆ. ಲುಕ್ಲಾದಿಂದ ಹೋಗಿ ಬರಲು ರೂಢಿಯಲ್ಲಿ 12 ದಿನ ಬೇಕಾಗುವ ದಾರಿಯನ್ನು 9 ದಿನಕ್ಕೆ ಇಳಿಸಿದ್ದರು. ನಾಮ್ಚೆ, ಡಿಂಗ್‌ಬೋಚೆಗಳ ವಿಶ್ರಾಂತಿ ಮಾಯವಾಗಿತ್ತು. ನಾನು ಸಹಿ ಹಾಕಲಿಲ್ಲ. ಅವರು ಮುನಿಸಿಕೊಂಡೇ ಹೋದರು. ಆದರೆ ಯೋಚಿಸಿ, ಹೆಚ್ಚು ದಿನಗಳ ಇನ್ನೊಂದು ತಂಡ ಹಿಡಿದರು. ಅಷ್ಟಾದರೂ ಡಿಂಗ್‌ಬೋಚೆಯಲ್ಲಿ ತಲೆನೋವು, ವಾಂತಿ ಹಿಡಿಯಿತು. ಮಾರ್ಗದರ್ಶಿ ಮೇಲೆ ಹೋಗಗೊಡದೆ, ಬೆಳಗಾದರೂ ಕಡಿಮೆಯಾಗದ್ದನ್ನು ಕಂಡು ಕೆಳಗೆ ಕರೆತಂದ. ನಾಮ್ಚೆ ಮುಟ್ಟುವಷ್ಟರಲ್ಲಿ ತಲೆ ಹಗುರವಾಗಿತ್ತು.

ಊರಿಗೆ ಬಂದ ಮೇಲೆ ಅವರು ನನ್ನಲ್ಲಿ ತೋಡಿಕೊಂಡ ಕಷ್ಟ ಬೇರೆಯೇ. "ಕಾಯಿಲೆ ಒಂದು ರಾತ್ರಿಯದ್ದು ಡಾಕ್ಟ್ರೇ. ಆದರೆ ಸಿಕ್ಕಿದವರೆಲ್ಲ 'ಮುಟ್ಟಿದಿರಾ?' ಎಂದು ಕೇಳುತ್ತಾರೆ. ಇಲ್ಲ ಎನ್ನಲು ನಾಚಿಕೆಯಾಗಿ ವಾಯುವಿಹಾರದ ದಾರಿಯನ್ನೇ ಬದಲಿಸಿದ್ದೇನೆ" ಎಂದರು.

ಈ ನಾಚಿಕೆ ಅಪಾಯಕಾರಿ. ತಲೆನೋವನ್ನು ಮುಚ್ಚಿಟ್ಟು "ಇನ್ನೊಂದೇ ದಿನ" ಎಂದು ಮೇಲೇರಲು ಹಚ್ಚುವುದು ಅದೇ. ಆ ನಾಚಿಕೆಯನ್ನು ಹುಟ್ಟಿಸುವವರು ಬೆಟ್ಟದಲ್ಲಿಲ್ಲ, ಇಲ್ಲಿ ಮನೆಯಲ್ಲಿ, ಕಚೇರಿಯಲ್ಲಿ ನಾವೇ ಇದ್ದೇವೆ. ಆದುದರಿಂದ ನಿಮ್ಮ ಮಗನೋ ಮಗಳೋ ಪತಿಯೋ ಪತ್ನಿಯೋ ಹಿಮಾಲಯಕ್ಕೆ ಹೊರಟಾಗ ಬೆಚ್ಚನೆಯ ಟೊಪ್ಪಿ, ಕಾಲುಚೀಲಗಳೊಡನೆ ಒಂದು ಮಾತನ್ನೂ ಕಟ್ಟಿಕೊಡಿ: "ಸಾಧ್ಯವಾಗದಿದ್ದರೆ ಇಳಿದು ಬಾ, ನಮಗೆ ಸಂತೋಷವೇ." ಹಿಂದಿರುಗಿದವರನ್ನು ಕಂಡಾಗ "ಮುಟ್ಟಿದಿರಾ?" ಎನ್ನದೆ "ಹೇಗಿದ್ದೀರಿ?" ಎಂದು ಕೇಳಿ. ಬೆಟ್ಟ ಅಲ್ಲೇ ಇರುತ್ತದೆ, ಮುಂದಿನ ವರ್ಷವೂ ಹೋಗಬಹುದು.